ಸೋತವರಿಗೂ ಮಾತು ಕೊಡಿರಿ: ಐತಿಹಾಸಿಕ ಧಾರಾವಾಹಿಗಳ ಸಂಭಾಷಣಾಕಾರರಿಗೊಂದು ಬಹಿರಂಗ ಪತ್ರ

ಇಸಳೂರು, ಶಿರಸಿ ಸೀಮೆ

ಕಿರುತೆರೆಯ ಐತಿಹಾಸಿಕ ಧಾರಾವಾಹಿಗಳಿಗೆ ಸಂಭಾಷಣೆ ಬರೆಯುವ ಮಹನೀಯರಿಗೆ,

ತಮ್ಮಲ್ಲಿ ಒಬ್ಬರನ್ನೂ ನಾನು ಕಣ್ಣಾರೆ ಕಂಡವನಲ್ಲ. ಧಾರಾವಾಹಿಯ ಆರಂಭದಲ್ಲಿ ನಟನಟಿಯರ ಹೆಸರುಗಳು ಮುಖಚಿತ್ರಗಳೊಡನೆ ಸಾವಕಾಶವಾಗಿ ಮೂಡಿ, ತಮ್ಮ ಹೆಸರು ಮಾತ್ರ ಸಣ್ಣ ಅಕ್ಷರಗಳಲ್ಲಿ ಓಡಿಹೋಗುವುದರಿಂದ, ಕನ್ನಡಕವನ್ನು ಹುಡುಕಿ ಮೂಗಿಗೇರಿಸುವಷ್ಟರಲ್ಲಿ ಅದು ಮರೆಯಾಗಿರುತ್ತದೆ. ಆದರೆ ತಮ್ಮ ಮಾತುಗಳು ನನಗೆ ಚಿರಪರಿಚಿತ. ಕೊಯ್ಲಿನ ದಿನಗಳಲ್ಲಿ, ಕೊನೆಗೌಡನು ಮರವೇರಿ ಇಳಿಸಿಕೊಟ್ಟ ಕೊನೆಗಳೆಲ್ಲ ಮನೆಗೆ ಬಂದು ಹಸಿಯಡಿಕೆಯು ಜಗಲಿಯ ಮೇಲೆ ರಾಶಿಬಿದ್ದಿರುವಾಗ, ದೀಪ ಹಚ್ಚಿದ ಮೇಲೆ ಮನೆಯವರೂ ನೆರೆಯವರೂ ಕೆಲಸದವರೂ ಮೆಟ್ಟುಗತ್ತಿಗಳನ್ನಿಟ್ಟುಕೊಂಡು ಸಾಲಾಗಿ ಕುಳಿತು ಸುಲಿಯತೊಡಗಿದರೆಂದರೆ, ಕೈಗೆ ಕೆಲಸವಿದ್ದರೂ ಕಿವಿಗೆ ಕೆಲಸವಿಲ್ಲದ ಆ ನಾಲ್ಕು ತಾಸಿಗೆ ಹಿಂದೆ ಕಥೆ ಹೇಳುವವರು ಬೇಕಾಗುತ್ತಿದ್ದರು. ಈಗ ಆ ಸ್ಥಾನದಲ್ಲಿ ತಾವಿದ್ದೀರಿ. ಕಣ್ಣು ಕತ್ತಿಯ ಮೇಲಿರಬೇಕಾದುದರಿಂದ ತೆರೆಯ ಮೇಲಿನ ಪಟ್ಟೆ ಪೀತಾಂಬರಗಳಾಗಲಿ, ಬಂಗಾರದ ಬಣ್ಣ ಬಳಿದ ಕಂಬಗಳಾಗಲಿ ನಮಗೆ ಅಷ್ಟಾಗಿ ಕಾಣುವುದಿಲ್ಲ. ನಮ್ಮ ಪಾಲಿಗೆ ಧಾರಾವಾಹಿಯೆಂದರೆ ಕೇಳುವ ವಸ್ತು, ಅರ್ಥಾತ್ ತಮ್ಮ ಕೃತಿ. ಆದಕಾರಣ ನಿರ್ಮಾಪಕರನ್ನೂ ನಿರ್ದೇಶಕರನ್ನೂ ಬಿಟ್ಟು ಈ ಪತ್ರವನ್ನು ತಮಗೇ ಬರೆಯುತ್ತಿದ್ದೇನೆ.

ಕಳೆದ ಸುಗ್ಗಿಯಲ್ಲಿ ಒಂದು ರಾತ್ರಿ ಯಾವುದೋ ಉತ್ತರದೇಶದ ಅರಮನೆಯ ಕಥೆ ಕನ್ನಡದ ಧ್ವನಿಯನ್ನು ತೊಟ್ಟು ನಮ್ಮ ಜಗಲಿಯಲ್ಲಿ ನಡೆಯುತ್ತಿತ್ತು. ಕಿರಿಯ ರಾಣಿಯು ಹಿರಿಯ ರಾಣಿಯ ಹಾಲಿನ ಬಟ್ಟಲಿಗೆ ವಿಷ ಬೆರೆಸಿ ಆಗಲೇ ಮೂರು ವಾರಗಳಾಗಿದ್ದು, ಆ ಬಟ್ಟಲು ಇನ್ನೂ ತುಟಿಯನ್ನು ತಲುಪಿರಲಿಲ್ಲ. ಯಾರಾದರೊಬ್ಬರು ಬಾಯಿ ತೆರೆದೊಡನೆ ಸಿಡಿಲು ಬಡಿಯುತ್ತಿತ್ತು, ಸಿಡಿಲು ಬಡಿದೊಡನೆ ಆಸ್ಥಾನದಲ್ಲಿದ್ದ ಅಷ್ಟೂ ಮುಖಗಳನ್ನು ಒಂದೊಂದಾಗಿ ತೋರಿಸಲಾಗುತ್ತಿತ್ತು. ನಮ್ಮ ನೆರೆಯ ಮನೆಯ ಅಜ್ಜಿ, ಎಂಬತ್ತು ದಾಟಿದರೂ ಸುಲಿಯುವುದರಲ್ಲಿ ಯಾರಿಗೂ ಸೋಲದಾಕೆ, ಕತ್ತಿಯಿಂದ ಕಣ್ಣು ತೆಗೆಯದೆಯೇ ನನ್ನನ್ನು ಕೇಳಿದಳು: “ತಮಾ, ಈ ರಾಜಂಗೆ ರಾಜ್ಯದ ಕೆಲ್ಸ ಎಂತೂ ಇಲ್ಯನ?” ಸಾಲಿನಲ್ಲಿದ್ದವರೆಲ್ಲ ನಕ್ಕರು. ನಾನೂ ನಕ್ಕೆ, ಆದರೆ ಮಲಗಿದ ಮೇಲೆ ಆ ಪ್ರಶ್ನೆ ನನ್ನ ನಿದ್ದೆಯನ್ನು ಕೆಡಿಸಿತು.

ನಾನು ಈ ಮಾಧ್ಯಮದ ದ್ವೇಷಿಯಲ್ಲವೆಂಬುದನ್ನು ಮೊದಲೇ ನಿವೇದಿಸಿಕೊಳ್ಳುತ್ತೇನೆ. 1990ರಲ್ಲಿ ಟಿಪ್ಪುಸುಲ್ತಾನನ ಖಡ್ಗದ ಹೆಸರಿನ ಹಿಂದಿ ಧಾರಾವಾಹಿ ದೂರದರ್ಶನದಲ್ಲಿ ಬರತೊಡಗಿದಾಗ, ನಮ್ಮ ಕೇರಿಗೆಲ್ಲ ಇದ್ದುದೊಂದೇ ಪೆಟ್ಟಿಗೆಯ ಮುಂದೆ, ಮಾಡಿನ ಮೇಲಿನ ಆಂಟೆನಾವನ್ನು ಒಬ್ಬ ಹುಡುಗನು ಹಿಡಿದು ತಿರುಗಿಸುತ್ತಿರಲು, ಭಾಷೆ ಅರ್ಧವೂ ತಿಳಿಯದ ನಾವು ಮುಗಿಯುವ ತನಕ ಕುಳಿತಿದ್ದೆವು. ಆ ಧಾರಾವಾಹಿಯ ಹಿಂದೆ ಒಂದು ದಾರುಣ ಪ್ರಸಂಗವಿತ್ತು. 1989ರ ಫೆಬ್ರವರಿ 8ರಂದು ಮೈಸೂರಿನ ಪ್ರೀಮಿಯರ್ ಸ್ಟುಡಿಯೋದಲ್ಲಿ ಅದರ ಚಿತ್ರೀಕರಣ ನಡೆಯುತ್ತಿದ್ದಾಗ ಬೆಂಕಿ ಬಿದ್ದು 62 ಜನರು ಪ್ರಾಣ ಕಳೆದುಕೊಂಡರು. ನಾಯಕನೂ ನಿರ್ದೇಶಕನೂ ಆಗಿದ್ದ ಸಂಜಯ ಖಾನರು ಸುಟ್ಟಗಾಯಗಳಿಂದ ಬದುಕಿಬಂದದ್ದೇ ದೊಡ್ಡದು. ಇಷ್ಟು ಜೀವಗಳನ್ನು ತೆತ್ತು ಸಿದ್ಧವಾದ ಆ ಕಥೆ ಪ್ರಸಾರವಾಗುವಾಗ, ಇದು ಭಗವಾನ್ ಗಿದ್ವಾನಿಯವರ ಕಾದಂಬರಿಯನ್ನು ಆಧರಿಸಿದ ಕಲ್ಪಿತ ಕಥೆಯೆಂಬ ಪ್ರಕಟಣೆಯನ್ನು ಪ್ರತಿ ಕಂತಿನಲ್ಲಿಯೂ ತೋರಿಸಬೇಕೆಂಬುದಕ್ಕೆ ಸರ್ವೋಚ್ಚ ನ್ಯಾಯಾಲಯದವರೆಗೆ ವ್ಯಾಜ್ಯ ನಡೆಯಿತು. ಸತ್ತ ಅರಸನೊಬ್ಬನ ಮಾನದ ಪ್ರಶ್ನೆ ಎರಡು ಶತಮಾನಗಳ ನಂತರವೂ ಜೀವಂತವಾಗಿರುವ ದೇಶದಲ್ಲಿ ತಾವು ಲೇಖನಿಯನ್ನು ಹಿಡಿದಿದ್ದೀರಿ. ಈಗ ಎಲ್ಲ ಧಾರಾವಾಹಿಗಳ ಮೊದಲಲ್ಲಿಯೂ ಅಂತಹ ಪ್ರಕಟಣೆ ಬರುತ್ತದೆ, ಯಾರೂ ಓದುವುದಿಲ್ಲ. ಅದನ್ನು ರಕ್ಷಾಯಂತ್ರದಂತೆ ಕಟ್ಟಿಕೊಂಡ ಮೇಲೆ ಏನನ್ನು ಬೇಕಾದರೂ ಬರೆಯಬಹುದೆಂಬ ಧೈರ್ಯ ಮಾತ್ರ ತಮ್ಮ ಬಳಗದಲ್ಲಿ ಬೆಳೆದಂತೆ ಕಾಣುತ್ತದೆ.

ಅರಮನೆಯ ಕಥೆ ನಮ್ಮ ಸೀಮೆಗೆ ಹೊಸದಲ್ಲ. ಯಕ್ಷಗಾನದ ರಂಗಸ್ಥಳದಲ್ಲಿ ‘ರಥ’ವೆಂದು ಕರೆಯಲ್ಪಡುವ ಒಂದು ಪೀಠವಿರುತ್ತದೆ; ಬಟ್ಟೆ ಹೊದಿಸಿದ ಸಾಮಾನ್ಯ ಮರದ ಆಸನ. ವಿರಾಟನು ಕುಳಿತರೆ ಅದು ಮತ್ಸ್ಯದೇಶದ ಸಿಂಹಾಸನ, ಕೌರವನು ಕುಳಿತರೆ ಹಸ್ತಿನಾವತಿ, ದೇವೇಂದ್ರನು ಕುಳಿತರೆ ಅಮರಾವತಿ. ಇಬ್ಬರು ಹಿಡಿದ ತೆರೆಯ ಹಿಂದಿನಿಂದ ವೇಷವು ಮೂಡಿ, ಒಡ್ಡೋಲಗ ಮುಗಿದು, ಭಾಗವತರೊಡನೆ ನಾಲ್ಕು ಮಾತು ನಡೆಯುವಷ್ಟರಲ್ಲಿ ಆಸ್ಥಾನವು ಕಟ್ಟಿಯಾಗಿರುತ್ತದೆ. ಅದಕ್ಕೆ ಬೇರೆ ಸಾಮಗ್ರಿ ಬೇಕಾಗಿಲ್ಲ. ಇನ್ನು ತಾಳಮದ್ದಳೆಯಲ್ಲಂತೂ ವೇಷವೂ ಇಲ್ಲ, ಕುಣಿತವೂ ಇಲ್ಲ. ಪಂಚೆಯುಟ್ಟು ಶಾಲು ಹೊದೆದ ನಾಲ್ವರು ಅರ್ಥಧಾರಿಗಳು ಚಾಪೆಯ ಮೇಲೆ ಕುಳಿತು, ಹೊರಗೆ ಜಡಿಮಳೆ ಹೊಯ್ಯುತ್ತಿರುವಾಗ, ಬರಿಯ ಮಾತಿನಿಂದ ಸಭೆಯನ್ನೂ ಸಂಧಾನವನ್ನೂ ದ್ರೋಹವನ್ನೂ ಕಣ್ಣಿಗೆ ಕಟ್ಟುತ್ತಾರೆ. ಆಸ್ಥಾನವೆಂದರೆ ಮೂಲತಃ ಮಾತಿನ ಸ್ಥಳವೆಂಬುದನ್ನು ಈ ಕಲೆ ಅರಿತಿದೆ. ಕೊಟ್ಟ ಮಾತು, ತಪ್ಪಿದ ಮಾತು, ಆಡಬಾರದಾಗಿದ್ದ ಮಾತು, ಆಡಬೇಕಾಗಿದ್ದಾಗ ನುಂಗಿದ ಮಾತು: ರಾಜ್ಯಗಳು ಕಟ್ಟಿದ್ದೂ ಮುರಿದದ್ದೂ ಬಹುಮಟ್ಟಿಗೆ ಇವುಗಳಿಂದ.

ಆ ಕಲೆಯ ಇನ್ನೊಂದು ಗುಣವನ್ನು ತಮ್ಮ ಗಮನಕ್ಕೆ ತರಬೇಕೆಂಬುದೇ ಈ ಪತ್ರದ ಉದ್ದೇಶ. ನಮ್ಮಲ್ಲಿ ಸೋಲುವವನಿಗೆ ಮಾತಿದೆ. ವಾಲಿವಧೆಯ ಪ್ರಸಂಗದಲ್ಲಿ ಬಾಣ ನಾಟಿ ನೆಲಕ್ಕೊರಗಿದ ವಾಲಿಯು ರಾಮನನ್ನು ಪ್ರಶ್ನಿಸತೊಡಗಿದನೆಂದರೆ, ಸಮರ್ಥ ಅರ್ಥಧಾರಿಯ ಕೈಯಲ್ಲಿ ಆ ಪ್ರಶ್ನೆಗಳು ತಾಸುಗಟ್ಟಲೆ ನಡೆಯುತ್ತವೆ. ಎದುರಿಗೆ ಕುಳಿತವರೆಲ್ಲ ರಾಮಭಕ್ತರೇ ಆಗಿದ್ದರೂ ಯಾರೂ ಆತನ ಬಾಯಿ ಮುಚ್ಚಿಸುವುದಿಲ್ಲ. ಚಿಟ್ಟಾಣಿ ರಾಮಚಂದ್ರ ಹೆಗಡೆಯವರ ಕೀಚಕನನ್ನು ಕಂಡವರು ತಮ್ಮಲ್ಲಿ ಯಾರಾದರೂ ಇದ್ದರೆ ನಾನು ಹೆಚ್ಚು ಹೇಳಬೇಕಾಗಿಲ್ಲ. ಪರಸ್ತ್ರೀಯನ್ನು ಕಾಮಿಸಿ ಕೆಟ್ಟ ಆ ಖಳನು ಸಾಯಲಿಕ್ಕಿದ್ದಾನೆಂಬುದು ಗೊತ್ತಿದ್ದೂ, ಸಾಯತಕ್ಕವನೆಂಬುದರಲ್ಲಿ ಸಂದೇಹವಿಲ್ಲದಿದ್ದೂ, ಅವನು ರಂಗದಿಂದ ಹೋದ ಮೇಲೆ ಏನೋ ಕಳೆದುಕೊಂಡಂತಾಗಿ ನಾವು ಬೆಳಗಿನ ಜಾವದಲ್ಲಿ ಮನೆಗೆ ನಡೆದದ್ದುಂಟು. ತಮ್ಮ ಧಾರಾವಾಹಿಯಲ್ಲಿ ಖಳನಿಗೆ ಹುಬ್ಬಿದೆ, ನಗೆಯಿದೆ, ಹಿನ್ನೆಲೆಯ ವಾದ್ಯವಿದೆ, ವಾದವಿಲ್ಲ.

ತಮ್ಮ ಮಾತಿನ ಮೇಲೆ ಇಷ್ಟು ಭಾರ ಹೇರುವುದಕ್ಕೆ ಕಾರಣ ನಮ್ಮ ಘಟ್ಟದ ಇತಿಹಾಸವೇ ಆಗಿದೆ. ಇಲ್ಲಿಯ ರಾಜ್ಯಗಳೆಲ್ಲ ಸೋತ ರಾಜ್ಯಗಳು. ಅವುಗಳ ಕಥೆಯನ್ನು ನಾವು ಕೇಳಿರುವುದು ಬಹುಪಾಲು ಗೆದ್ದವರ ಬಾಯಿಂದ.

ಗೇರುಸೊಪ್ಪೆಯ ರಾಣಿ ಚೆನ್ನಭೈರಾದೇವಿಯನ್ನೇ ನೋಡಿರಿ. ಪೋರ್ಚುಗೀಸರು ಕಾಳುಮೆಣಸಿನ ರಾಣಿಯೆಂದು ಕರೆದ ಆ ಜೈನ ಅರಸಿಯು ಅರ್ಧ ಶತಮಾನದಷ್ಟು ಕಾಲ ರಾಜ್ಯವಾಳಿ, ಸಮುದ್ರದ ಕಡೆಯಿಂದ ಫಿರಂಗಿಗಳವರನ್ನೂ ಘಟ್ಟದ ಕಡೆಯಿಂದ ನೆರೆಯರಸರನ್ನೂ ಎದುರಿಸಿ, ಹದಿನೇಳನೆಯ ಶತಮಾನದ ಮೊದಲ ದಶಕದಲ್ಲಿ ಇಕ್ಕೇರಿಯ ವೆಂಕಟಪ್ಪ ನಾಯಕನಿಗೆ ಸೋತಳು. 1623ರಲ್ಲಿ ಇಟಲಿಯ ಪ್ರವಾಸಿ ಪಿಯೆತ್ರೊ ದೆಲ್ಲಾ ವಾಲೆ ಎಂಬಾತನು, ಮೆಣಸಿನ ವ್ಯವಹಾರವನ್ನೂ ಗಡಿಯ ತಂಟೆಗಳನ್ನೂ ಇತ್ಯರ್ಥಗೊಳಿಸಲು ಗೋವೆಯಿಂದ ವೆಂಕಟಪ್ಪ ನಾಯಕನ ಆಸ್ಥಾನಕ್ಕೆ ಹೊರಟ ರಾಯಭಾರಿಯ ಜೊತೆಗೂಡಿ, ಗೇರುಸೊಪ್ಪೆಯ ಮೂಲಕ ಘಟ್ಟವನ್ನೇರಿ ಹೋದನು. ದಾರಿಯಲ್ಲಿ ಅವನಿಗೆ ಯಾರೋ ಹೇಳಿದ ಕಥೆ ಇಷ್ಟು: ಕೊನೆಯ ರಾಣಿಯು ಹೀನಕುಲದ ಪರದೇಶಿಯೊಬ್ಬನಲ್ಲಿ ಅನುರಕ್ತಳಾಗಿ, ಅವನ ಕೈಗೆ ರಾಜ್ಯವನ್ನೊಪ್ಪಿಸಿ, ಅದರಿಂದಲೇ ಕೆಟ್ಟಳು. ಆತ ಹಾಗೆಯೇ ಬರೆದಿಟ್ಟನು. ಹೇಳಿದವರು ಯಾರ ಪ್ರಜೆಗಳು, ಕೇಳಿದವನು ಯಾರ ಅತಿಥಿಯಾಗಿ ಹೊರಟಿದ್ದನು ಎಂಬುದನ್ನು ಯೋಚಿಸಿರಿ. ಅರ್ಧ ಶತಮಾನದ ಆಳ್ವಿಕೆಯು ಎರಡು ದಶಕಗಳೊಳಗೆ ಒಂದು ಪ್ರಣಯಪ್ರಸಂಗವಾಗಿ ಕುಗ್ಗಿತ್ತು! ಹಡಗುಗಟ್ಟಲೆ ಮೆಣಸಿನ ಲೆಕ್ಕವನ್ನು ಹಿಡಿದಿದ್ದ, ಗೋವೆಯ ಅಧಿಕಾರಿಗಳೊಡನೆ ಬೆಲೆಗಾಗಿ ಹಟಹಿಡಿದಿರಬಹುದಾದ ಆ ಮುದುಕಿಯ ಬಾಯಿಂದ ಒಂದು ಮಾತೂ ನಮ್ಮವರೆಗೆ ಬಂದಿಲ್ಲ.

ಬಿದನೂರಿನ ಕಥೆಯಂತೂ ತಮ್ಮ ಕಸಬಿಗೆ ಹೇಳಿಮಾಡಿಸಿದಂತಿದೆ. ಆದುದರಿಂದಲೇ ಅದರ ವಿಷಯದಲ್ಲಿ ನನಗೆ ಹೆಚ್ಚು ಭಯ. ಬಿದನೂರನ್ನಾಳುತ್ತಿದ್ದ ಕೆಳದಿಯ ವಂಶದ ಎರಡನೆಯ ಬಸಪ್ಪ ನಾಯಕನು 1755ರಲ್ಲಿ ತೀರಿಕೊಂಡ ಮೇಲೆ, ದತ್ತುಪುತ್ರನಾದ ಚೆನ್ನಬಸಪ್ಪ ನಾಯಕನು ಎರಡೇ ವರ್ಷಗಳಲ್ಲಿ ಇಲ್ಲವಾದನು. ರಾಣಿ ವೀರಮ್ಮಾಜಿಯು ಬೇರೊಬ್ಬ ಹುಡುಗನನ್ನು ದತ್ತು ತೆಗೆದುಕೊಂಡು ಆಳತೊಡಗಿದಳು. ಚೆನ್ನಬಸಪ್ಪನನ್ನು ಆಕೆಯೇ ಕೊಲ್ಲಿಸಿದಳೆಂದು ಗುಲ್ಲೆದ್ದಿತು. ಆಕೆಯ ನಡತೆಯ ಬಗ್ಗೆಯೂ ಒಂದು ಹೆಸರನ್ನು ಕಟ್ಟಿ ಅಪವಾದವನ್ನು ಹಬ್ಬಿಸಿದರು. ಕೆಲವು ವರ್ಷಗಳಾದ ಮೇಲೆ, ಹೈದರಾಲಿಯು ಚಿತ್ರದುರ್ಗದ ಬಳಿ ಬೀಡುಬಿಟ್ಟಿದ್ದಾಗ, ತಾನೇ ಆ ಚೆನ್ನಬಸಪ್ಪನೆಂದೂ ಸಾಯದೆ ತಪ್ಪಿಸಿಕೊಂಡೆನೆಂದೂ ಹೇಳಿಕೊಂಡ ಯುವಕನೊಬ್ಬನು ಅವನ ಮೊರೆಹೊಕ್ಕನು. ನ್ಯಾಯವನ್ನು ಸ್ಥಾಪಿಸುವ ನೆಪ ಇದಕ್ಕಿಂತ ಸುಲಭವಾಗಿ ಯಾವ ದಂಡನಾಯಕನಿಗೂ ಒದಗಿರಲಾರದು. 1763ರ ಆರಂಭದಲ್ಲಿ ಹೈದರನು ಮಲೆನಾಡನ್ನು ಹೊಕ್ಕಾಗ, ಹಿಂದೆ ಬಿದನೂರಿನಲ್ಲಿ ಮಂತ್ರಿಯಾಗಿದ್ದು ಆಮೇಲೆ ಸೆರೆಯಲ್ಲಿ ಬಿದ್ದಿದ್ದ ಲಿಂಗಣ್ಣನೆಂಬವನು ಕಾಡಿನೊಳಗಿನ ಗುಪ್ತಮಾರ್ಗವನ್ನು ತಿಳಿಸಿಕೊಟ್ಟನೆಂದು ಮೈಸೂರಿನ ಇತಿಹಾಸವನ್ನು ಬರೆದ ವಿಲ್ಕ್ಸನು ಹೇಳುತ್ತಾನೆ. ನಗರ ಬಿದ್ದಿತು; ಹೈದರನಗರವೆಂದು ಹೆಸರಾಯಿತು; ಇಂದು ಹೊಸನಗರ ತಾಲೂಕಿನ ನಗರವೆಂಬ ಸಣ್ಣ ಊರಾಗಿ ಉಳಿದಿದೆ. ರಾಣಿಯನ್ನು ಮಧುಗಿರಿಯ ಕೋಟೆಗೆ ಸೆರೆಯಾಳಾಗಿ ಕಳುಹಿಸಿದರು. ಅವಳ ಜೊತೆಗೆ ಆ ಯುವಕನೂ ಸೆರೆಗೆ ಹೋದನೆಂಬುದು, ನ್ಯಾಯಸ್ಥಾಪನೆಯ ಮಾತು ಎಷ್ಟರ ಮಟ್ಟಿನದೆಂಬುದನ್ನು ತಿಳಿಸುತ್ತದೆ.

ಇದನ್ನು ತಾವು ಬರೆದರೆ ಹೇಗೆ ಬರೆಯುವಿರೆಂದು ನಾನು ಊಹಿಸಬಲ್ಲೆ. ವೀರಮ್ಮಾಜಿಯ ಹುಬ್ಬು ಮೇಲೇರುತ್ತದೆ, ಮಗುವಿನ ಬಟ್ಟಲಿಗೆ ಪುಡಿ ಉದುರುತ್ತದೆ, ಸಿಡಿಲು. ಆದರೆ ಕಥೆಯ ತಿರುಳು ಅಲ್ಲಿದೆಯೆ? ಸೆರೆಯ ಕತ್ತಲಲ್ಲಿ ಕುಳಿತ ಆ ಮಾಜಿ ಮಂತ್ರಿಯ ಮನಸ್ಸಿನಲ್ಲಿ ಇರಬೇಕಲ್ಲವೆ? ಒಂದು ಕಾಲದಲ್ಲಿ ಆ ಗುಪ್ತಮಾರ್ಗದ ಕಾವಲಿಗೆ ಆಳುಗಳನ್ನು ನೇಮಿಸಿದವನೂ ಅವನೇ ಇದ್ದಿರಬಹುದು. ಸಂಬಳದ ಪಟ್ಟಿಗೆ ರುಜು ಹಾಕಿದ ಕೈ ಅವನದೇ ಇದ್ದಿರಬಹುದು. ಒಡತಿ ತನಗೆ ಮಾಡಿದ ಅವಮಾನ ದೊಡ್ಡದೋ, ಉಂಡ ಅನ್ನದ ಋಣ ದೊಡ್ಡದೋ ಎಂಬ ತೂಗಾಟದಲ್ಲಿ ಒಂದು ಇರುಳನ್ನು ಕಳೆದವನ ಬಾಯಲ್ಲಿ ತಾವು ಯಾವ ಮಾತನ್ನಿಡುತ್ತೀರಿ? ನಮ್ಮ ಜಗಲಿಯಲ್ಲಿ ಕುಳಿತವರಿಗೆ ಈ ತೂಗಾಟ ಅಪರಿಚಿತವಲ್ಲ. ಹಿಸ್ಸೆಯ ಜಗಳದಲ್ಲಿ ಅಣ್ಣನ ಮೇಲಿನ ಸಿಟ್ಟಿಗೆ ಹೊರಗಿನವನಿಗೆ ತೋಟದ ದಾರಿ ತೋರಿಸಿಕೊಟ್ಟವರನ್ನು ಎಲ್ಲ ಊರಿನವರೂ ಕಂಡಿದ್ದಾರೆ. ‘ಮಾನ’ವೆಂಬ ನಮ್ಮ ಮಾತಿಗೆ ಗೌರವವೆಂದೂ ಅರ್ಥ, ಅಳತೆಯೆಂದೂ ಅರ್ಥ. ತಮ್ಮ ಪಾತ್ರಗಳು ಮೂರು ವಾಕ್ಯಕ್ಕೊಮ್ಮೆ ಮೊದಲ ಅರ್ಥದ ಮಾನವನ್ನು ಕೂಗಿ ಹೇಳುತ್ತವೆ. ಎರಡನೆಯದು ಅವುಗಳ ಬಳಿ ಸುಳಿದಂತೆಯೇ ಕಾಣುವುದಿಲ್ಲ.

ಬಿದನೂರು ಬಿದ್ದ ಮೇಲೆ ಹೈದರನ ಸೈನ್ಯವು ಉತ್ತರಕ್ಕೆ ತಿರುಗಿ ನಮ್ಮ ಸೋಂದೆಗೆ ಬಂದಿತು. ಶಿರಸಿಯಿಂದ ಸುಮಾರು 20 ಕಿಲೋಮೀಟರ್ ದೂರದ ಆ ಊರು, ಸ್ವಾದಿಯೆಂದೂ ಸುಧಾಪುರವೆಂದೂ ಗ್ರಂಥಗಳಲ್ಲಿ ಪ್ರಸಿದ್ಧವಾಗಿ, ಹದಿನಾರನೆಯ ಶತಮಾನದ ಅರಸಪ್ಪ ನಾಯಕನಿಂದ ತೊಡಗಿ ಎರಡು ಶತಮಾನಗಳ ಕಾಲ ರಾಜಧಾನಿಯಾಗಿತ್ತು. ವಾದಿರಾಜರ ಮಠ, ಸ್ವರ್ಣವಲ್ಲಿ, ಜೈನರ ಮಠ ಈ ಮೂರೂ ಒಂದೇ ಊರಿನ ಆಸುಪಾಸಿನಲ್ಲಿ ಇಂದಿಗೂ ಇವೆ; ಶಾಲ್ಮಲಾ ನದಿಯ ಬಂಡೆಗಳಲ್ಲಿ ಕೆತ್ತಿದ ಸಹಸ್ರಲಿಂಗಗಳು ಸೋಂದೆಯ ಅರಸರ ಕಾಲದವೆಂಬುದು ಪ್ರವಾಸಿಗರಿಗೂ ಗೊತ್ತಿದೆ. ಆ ರಾಜ್ಯದ ಕೊನೆಯ ಅರಸನಾದ ಇಮ್ಮಡಿ ಸದಾಶಿವನು ಕೋಟೆಯ ಬಾಗಿಲಲ್ಲಿ ಕತ್ತಿಹಿರಿದು ಸಾಯಲಿಲ್ಲ. ಪರಿವಾರದೊಡನೆ ಘಟ್ಟವಿಳಿದು ಗೋವೆಗೆ ಹೋಗಿ ಪೋರ್ಚುಗೀಸರ ಆಶ್ರಯವನ್ನು ಪಡೆದನು. ಘಟ್ಟದ ಕೆಳಗೆ ತನಗಿದ್ದ ಸೀಮೆಗಳನ್ನು ಅವರ ಕೈಗಿತ್ತು, ವರ್ಷಾಶನವನ್ನು ಸ್ವೀಕರಿಸಿ ಉಳಿದನು. ಇಂದು ನಾವು ಗೋವೆಯ ನಕಾಶೆಯಲ್ಲಿ ಕಾಣುವ ಫೋಂಡಾ, ಸಾಂಗೆ, ಕೇಪೆ, ಕಾಣಕೋಣ ಪ್ರಾಂತಗಳು ಪೋರ್ಚುಗೀಸರ ವಶವಾದದ್ದು ಹೀಗೆ. ಅವನ ವಂಶದವರಿಗೆ ಅಲ್ಲಿ ಸೌಂದೇಕರರೆಂದು ಹೆಸರಾಯಿತು. ಫೋಂಡಾದ ಬಳಿಯ ಬಾಂದಿವಡೆಯಲ್ಲಿ ಅವರ ಅರಮನೆಯಿದೆ.

ಬಿದನೂರಿನ ದತ್ತುಹುಡುಗನ ಮೇಲೆದ್ದ ಒಂದು ಗಾಳಿಮಾತು, ಅಲ್ಲಿಂದ ಚಿತ್ರದುರ್ಗದ ಡೇರೆಗೆ, ಡೇರೆಯಿಂದ ಮಲೆನಾಡಿನ ಗುಪ್ತಮಾರ್ಗಕ್ಕೆ, ಅಲ್ಲಿಂದ ಸೋಂದೆಗೆ, ಸೋಂದೆಯಿಂದ ಗೋವೆಯ ನಕಾಶೆಗೆ ನಡೆದುಬಂದ ಈ ಹಾದಿಗಿಂತ ದೊಡ್ಡ ಒಳಸಂಚಿನ ಕಥೆಯನ್ನು ಯಾವ ಉತ್ತರದೇಶದ ಅರಮನೆ ತಮಗೆ ಕೊಟ್ಟೀತು? ಅದರ ಕೊನೆಯಲ್ಲಿರುವ ಪಾತ್ರವಾದರೂ ಎಂತಹುದು! ಓಡಿಹೋದ ಅರಸನೆಂದು ಅವನನ್ನು ಎರಡು ಮಾತಿನಲ್ಲಿ ಮುಗಿಸಿಬಿಡುವುದು ಸುಲಭ. ಆದರೆ ಕಾದಿ ಸತ್ತಿದ್ದರೆ ಸೋಂದೆಯ ಪೇಟೆ ಸುಟ್ಟು ಬೂದಿಯಾಗುತ್ತಿತ್ತೆಂದು ಅವನು ಎಣಿಸಿದ್ದಿರಬಹುದು. ಇಲ್ಲವೆ ಬರಿಯ ಪ್ರಾಣಭಯವೇ ಇದ್ದಿರಬಹುದು. ಎರಡೂ ಕೂಡಿಯೇ ಇರುವುದು ಮನುಷ್ಯಸಹಜ. ಪರರ ಊರಿನಲ್ಲಿ, ಪರಭಾಷೆಯ ಅಧಿಕಾರಿಯ ಮುಂದೆ, ವರ್ಷಾಶನದ ಕಾಗದಕ್ಕೆ ರುಜು ಹಾಕುವಾಗ ಅವನು ಏನೆಂದನು? ಚರಿತ್ರೆಯು ಬಿಟ್ಟುಕೊಟ್ಟಿರುವ ಈ ಜಾಗವೇ ಅಲ್ಲವೆ ತಮ್ಮಂಥವರಿಗೆ ಸಲ್ಲತಕ್ಕದ್ದು?

ಹೀಗೆ ಬರೆಯುವುದು ಕನ್ನಡದಲ್ಲಿ ಆಗದ ಮಾತಲ್ಲ. ಮಾಸ್ತಿಯವರು 1956ರಲ್ಲಿ ‘ಚಿಕವೀರ ರಾಜೇಂದ್ರ’ವನ್ನು ಪ್ರಕಟಿಸಿದಾಗ, ಕೊಡಗಿನ ಕಡೆಯ ಅರಸನ ಕ್ರೌರ್ಯವನ್ನಾಗಲಿ ಅವಿವೇಕವನ್ನಾಗಲಿ ಒಂದಿಷ್ಟೂ ಮರೆಮಾಚಲಿಲ್ಲ, ಆದರೂ 1834ರಲ್ಲಿ ಪದಚ್ಯುತನಾಗಿ ರಾಜ್ಯವನ್ನು ಬಿಟ್ಟುಹೋಗುವ ಆ ಮನುಷ್ಯನನ್ನು ನೋಡಿ ಓದುಗನಿಗೆ ಹಗೆ ಹುಟ್ಟುವುದಿಲ್ಲ. ರಾಣಿಯು ಹೆಚ್ಚು ಮಾತನಾಡುವುದಿಲ್ಲ. ಆಡಿದ ಮಾತು ತಗ್ಗಿದ ಧ್ವನಿಯದು. ಅರಸನಿಗೆ ವಿರೋಧವಾಗಿ ನಿಂತ ಮಂತ್ರಿ ಬೋಪಣ್ಣನಿಗೂ ಅವನದೇ ನ್ಯಾಯವಿದೆ, ಅರಸನ ನೆರಳಾದ ಕುಂಟ ಬಸವನಿಗೂ ಒಂದು ದುಃಖವಿದೆ. ಆ ಕಾದಂಬರಿಗೆ 1983ರ ಜ್ಞಾನಪೀಠ ಪ್ರಶಸ್ತಿ ಬಂದಿತೆಂಬುದನ್ನು ಎಲ್ಲರೂ ಬಲ್ಲರು. ತಮ್ಮ ಮೇಜಿನ ಮೇಲೆ ಅದರ ಒಂದು ಪ್ರತಿಯನ್ನಿರಿಸಿಕೊಳ್ಳಬಾರದೆ?

ಮಾತಿನ ರೂಪದ ವಿಷಯವಾಗಿಯೂ ಒಂದೆರಡು ಅರಿಕೆಗಳಿವೆ. ಬಹುಕಾಲ ತಡೆಹಿಡಿದಿದ್ದ ಡಬ್ಬಿಂಗಿನ ಬಾಗಿಲು, 2015ರಲ್ಲಿ ಸ್ಪರ್ಧಾ ಆಯೋಗದ ಆದೇಶವಾದ ಮೇಲೆ ಸಡಿಲಾಗಿ, 2020ರ ಲಾಕ್‌ಡೌನಿನ ದಿನಗಳಲ್ಲಿ ಮಹಾಭಾರತವೇ ಮೊದಲಾದುವು ಕನ್ನಡದ ಧ್ವನಿಯಲ್ಲಿ ಮನೆಮನೆಗೆ ಬಂದುವು. ಬಂದದ್ದಕ್ಕೆ ನನ್ನ ಆಕ್ಷೇಪವಿಲ್ಲ. ಆದರೆ ಪರಭಾಷೆಯ ತುಟಿಯ ಚಲನೆಗೆ ಹೊಂದಿಸಿ ಹೊಲಿದ ಆ ಕನ್ನಡವು, ಮೂಲದಲ್ಲಿಯೇ ಕನ್ನಡದಲ್ಲಿ ಬರೆಯತಕ್ಕ ತಮ್ಮ ಲೇಖನಿಗೂ ಈಗ ಅಂಟಿಕೊಂಡಿದೆಯೆಂಬುದೇ ವ್ಯಥೆ. ಸೇನಾಪತಿಯು ಸೇವಕನನ್ನು ಗದರುತ್ತಾನೆ: “ನಿನ್ನ ಧೈರ್ಯ ಹೇಗಾಯಿತು?” ಕನ್ನಡಿಗನು ಕೋಪದಲ್ಲಿ ಹೀಗೆ ಎಂದಾದರೂ ಅಂದದ್ದುಂಟೆ? “ಎಷ್ಟು ಸೊಕ್ಕು ನಿನಗೆ!” ಎಂದಾನು, ಮಾತೇ ಆಡದೆ ತಿರುಗಿ ನೋಡಿಯಾನು. ಅರಸನಿಗೂ ಅಗಸನಿಗೂ, ಬನವಾಸಿಗೂ ದಿಲ್ಲಿಗೂ ಒಂದೇ ಕನ್ನಡವನ್ನು ತಾವು ಹಂಚುತ್ತೀರಿ. ಸೋಂದೆಯ ಜೈನಮಠದ ಭಟ್ಟಾಕಳಂಕನೇ ಅಲ್ಲವೆ, ಕನ್ನಡವೆಂಬುದು ಶಾಸ್ತ್ರಕ್ಕೆ ಯೋಗ್ಯವಾದ ಭಾಷೆಯೆಂಬುದನ್ನು ಸಂಸ್ಕೃತದ ಪಂಡಿತರ ಮುಂದೆ ಸಾಧಿಸುವುದಕ್ಕಾಗಿ, 1604ರಲ್ಲಿ 592 ಸೂತ್ರಗಳ ‘ಕರ್ಣಾಟಕ ಶಬ್ದಾನುಶಾಸನ’ವನ್ನು ಸಂಸ್ಕೃತದಲ್ಲಿಯೇ ರಚಿಸಿ ವ್ಯಾಖ್ಯಾನವನ್ನೂ ಬರೆದವನು? ಆ ಸೀಮೆಯ ಅಡಿಕೆ ತೋಟಗಳ ನಡುವೆ ಕುಳಿತು ತಮ್ಮ ಸಂಭಾಷಣೆಯನ್ನು ಕೇಳುವುದು ಒಮ್ಮೊಮ್ಮೆ ಕಷ್ಟವಾಗುತ್ತದೆ.

ದೂರುವುದಷ್ಟೇ ಆಗಬಾರದೆಂದು ಒಂದು ದೃಶ್ಯವನ್ನು ಸೂಚಿಸುತ್ತೇನೆ. 1689ರಲ್ಲಿ ಸಂಭಾಜಿಯ ವಧೆಯಾದ ಮೇಲೆ, ಶಿವಾಜಿಯ ಕಿರಿಯ ಮಗನಾದ ರಾಜಾರಾಮನು ಔರಂಗಜೇಬನ ಸೈನ್ಯದಿಂದ ತಪ್ಪಿಸಿಕೊಂಡು ಜಿಂಜಿಯ ಕಡೆಗೆ ಹೋಗುತ್ತಾ ಕೆಳದಿಯ ರಾಣಿ ಚೆನ್ನಮ್ಮಾಜಿಯ ಆಶ್ರಯವನ್ನು ಬೇಡಿದನು, ಆಕೆ ಕೊಟ್ಟಳು, ಮೊಗಲರ ಸೈನ್ಯ ಆಕೆಯ ಮೇಲೆ ಬಂದಿತು. ಈ ದೃಶ್ಯವನ್ನು ನಾಟಕದವರೂ ಪಠ್ಯಪುಸ್ತಕದವರೂ ಎಷ್ಟೋ ಸಲ ಬರೆದಿದ್ದಾರೆ. ರಾಣಿಯು ಎದ್ದುನಿಲ್ಲುತ್ತಾಳೆ, ಶರಣಾಗತರಕ್ಷಣೆಯೇ ನಮ್ಮ ಧರ್ಮವೆನ್ನುತ್ತಾಳೆ, ಸಭೆ ಜಯಕಾರ ಹಾಕುತ್ತದೆ. ನಮ್ಮ ಅರ್ಥಧಾರಿಯಾಗಿದ್ದರೆ ಅಷ್ಟು ಬೇಗ ಜಯಕಾರಕ್ಕೆ ಎಡೆಗೊಡುತ್ತಿರಲಿಲ್ಲ. ಆಶ್ರಯ ಬೇಡವೆನ್ನುವ ಮಂತ್ರಿಯೊಬ್ಬನನ್ನು ಅವನು ಮೊದಲು ಎಬ್ಬಿಸುತ್ತಿದ್ದನು. ಅವನು ಹೇಡಿಯಾಗಿರುವುದಿಲ್ಲ, ಲಂಚ ತಿಂದವನೂ ಆಗಿರುವುದಿಲ್ಲ. ಪತಿಯಾದ ಸೋಮಶೇಖರ ನಾಯಕನು ನರ್ತಕಿಯ ಮೋಹದಲ್ಲಿ ರಾಜ್ಯವನ್ನು ಮರೆತು ಹತನಾದ ಮೇಲೆ, ಒಡೆದುಹೋಗಲಿದ್ದ ನಾಡನ್ನು ಇದೇ ರಾಣಿಯೇ ಹದಿನೆಂಟು ವರ್ಷ ಹೆಣಗಿ ಕೂಡಿಸಿದಳೆಂಬುದನ್ನು ಅವನು ನೆನಪಿಸುತ್ತಾನೆ. ಗದ್ದೆಯಲ್ಲಿ ಪೈರು ನಿಂತಿರುವಾಗ ದಂಡು ಬಂದರೆ ಉಣ್ಣುವವರು ಯಾರೆಂದು ಕೇಳುತ್ತಾನೆ. ಓಡಿಬಂದವನ ಕಡೆಯವರು ನಿನ್ನೆಮೊನ್ನೆಯವರೆಗೆ ನಮ್ಮ ಕರಾವಳಿಯ ಪೇಟೆಗಳನ್ನು ಲೂಟಿಮಾಡಿದವರಲ್ಲವೆ ಎನ್ನುತ್ತಾನೆ. ಶಿವಾಜಿಯು 1665ರಲ್ಲಿ ಬಸರೂರನ್ನು ಕೊಳ್ಳೆಹೊಡೆದದ್ದನ್ನು ಮರೆತವರು ಆ ಸಭೆಯಲ್ಲಿ ಯಾರಿದ್ದಾರು? ಇಷ್ಟನ್ನೂ ಕೇಳಿ, ಇಷ್ಟೂ ನಿಜವೆಂದು ಒಪ್ಪಿ, ಆಮೇಲೆಯೂ ಬಾಗಿಲು ತೆರೆಯಿರಿ ಎಂದ ರಾಣಿಯ ಮಾತಿಗೆ ಬರುವ ತೂಕವೇ ಬೇರೆ. ಮಂತ್ರಿಯ ಬಾಯಿ ಕಟ್ಟಿದರೆ ರಾಣಿಯ ಮಾತೂ ಸೊರಗುತ್ತದೆ.

ಇದಕ್ಕೆಲ್ಲ ಸಮಯವೆಲ್ಲಿ, ದಿನಕ್ಕೊಂದು ಕಂತನ್ನು ಬರೆಯಬೇಕಾದವರ ಕಷ್ಟ ಈತನಿಗೇನು ಗೊತ್ತು ಎಂದು ತಾವು ಕೇಳಬಹುದು. ಕೇಳುವ ಹಕ್ಕು ತಮಗಿದೆ. ಬೆಳಿಗ್ಗೆ ಚಿತ್ರೀಕರಣಕ್ಕೆ ನಿಂತ ನಟನ ಕೈಗೆ ಮಧ್ಯಾಹ್ನದ ಮಾತುಗಳು ಇನ್ನೂ ಬಂದಿರುವುದಿಲ್ಲವೆಂದೂ, ಜನ ನೋಡಿದ ಲೆಕ್ಕ ವಾರವಾರವೂ ಬಂದು ಕಥೆಯನ್ನು ತಿರುಗಿಸುತ್ತದೆಂದೂ, ಸಾಯಬೇಕಾಗಿದ್ದ ಪಾತ್ರವನ್ನು ಬದುಕಿಸಿ ಬದುಕಬೇಕಾದುದನ್ನು ಕೊಲ್ಲಬೇಕಾಗುತ್ತದೆಂದೂ ಪತ್ರಿಕೆಗಳಲ್ಲಿ ಓದಿದ್ದೇನೆ. ಆದರೆ ವಿಷದ ಬಟ್ಟಲು ತುಟಿಗೆ ಬರಲು ಮೂರು ವಾರಗಳ ಅವಕಾಶವಿರುವಲ್ಲಿ, ಮಂತ್ರಿಯೊಬ್ಬನಿಗೆ ಮೂರು ನಿಮಿಷಗಳ ಅವಕಾಶ ಸಿಗಲಾರದೆಂದರೆ ನಮ್ಮ ಅಜ್ಜಿಯು ಒಪ್ಪುವವಳಲ್ಲ.

ತಮ್ಮಲ್ಲಿ ನನ್ನ ಬೇಡಿಕೆ ಇಷ್ಟೇ. ಮುಂದಿನ ಐತಿಹಾಸಿಕ ಧಾರಾವಾಹಿಗೆ ಕುಳಿತುಕೊಳ್ಳುವ ಮೊದಲು ಒಮ್ಮೆ ನಮ್ಮ ಕಡೆಗೆ ಬನ್ನಿರಿ. ಮಳೆಗಾಲದಲ್ಲಿ ಬಂದರೆ ಯಾವುದಾದರೊಂದು ಮನೆಯಲ್ಲಿ ತಾಳಮದ್ದಳೆಯಿರುತ್ತದೆ. ಸುಗ್ಗಿಯಲ್ಲಿ ಬಂದರೆ ಜಗಲಿಯಲ್ಲಿ ಕುಳಿತು ತಮ್ಮದೇ ಧಾರಾವಾಹಿಯನ್ನು ಸುಲಿಯುವವರ ನಡುವೆ ಕೇಳಬಹುದು. ಊಟಕ್ಕೆ ಏನೂ ಕೊರತೆಯಾಗದು. ಮರುದಿನ ಸೋಂದೆಯ ಕೋಟೆಗೆ ಹೋಗೋಣ. ಕೋಟೆಯೆಂದರೆ ಮರಬೇರು ಹಬ್ಬಿದ ಗೋಡೆಗಳು, ಹಳೆಯ ಫಿರಂಗಿಗಳು, ಕಾಡು. ಅರಮನೆಯ ಕುರುಹೂ ಇಲ್ಲ. ನೂರಕ್ಕೂ ಹೆಚ್ಚು ವರ್ಷಗಳ ಹಿಂದೆ ಗ್ಯಾಸೆಟಿಯರನ್ನು ಬರೆದ ಇಂಗ್ಲಿಷರಿಗೂ ಅಲ್ಲಿ ಹೇಳಿಕೊಳ್ಳುವಂತಹುದಾಗಿ ಕಂಡದ್ದು ಒಂದೇ ಕಲ್ಲು: ಹನ್ನೆರಡು ಅಡಿ ಚಚ್ಚೌಕ, ಆರು ಅಂಗುಲ ದಪ್ಪ, ನುಣ್ಣಗೆ ಸಮಮಾಡಿದ್ದು, ಕೆತ್ತನೆಯ ಐದು ಗಿಡ್ಡ ಕಂಬಗಳ ಮೇಲೆ ಕುಳಿತಿರುವುದು. ಅದು ಅರಸರ ಸಿಂಹಾಸನವಾಗಿತ್ತೆಂದು ಸುತ್ತಲಿನ ಜನ ಹೇಳುತ್ತಾರೆ.

ಇತಿ ತಮ್ಮ ವಿಶ್ವಾಸಿ,
ಇಸಳೂರಿನ ಒಬ್ಬ ಶ್ರೋತೃ